ಬಿಸಿಲಿನ ಲೇಪವೂ ಅದರ ಅಂಕೆಯೂ

ಬಿಸಿಲು ನಮ್ಮ ನಾಡಿಗೆ ಹೊಸದಲ್ಲ. ಬಿಸಿಲಿಗೆಂದು ಮೈಗೆ ಹಚ್ಚಿಕೊಳ್ಳುವ ಲೇಪ ಹೊಸದು. ತಲೆಯ ಮೇಲೆ ಸೆರಗು ಅಥವಾ ರುಮಾಲು, ಕರಾವಳಿಯಲ್ಲಿ ಅಡಕೆ ಹಾಳೆಯ ಟೊಪ್ಪಿ, ಮಳೆಗೂ ಬಿಸಿಲಿಗೂ ಒಂದೇ ಕೊಡೆ—ನಮ್ಮ ಹಿರಿಯರು ಬಲ್ಲ ರಕ್ಷಣೆಗಳು ಇವು. ಇಂದಾದರೋ ಔಷಧಿ ಅಂಗಡಿಯಲ್ಲಿಯೂ ದಿನಸಿ ಅಂಗಡಿಯಲ್ಲಿಯೂ ‘ಸನ್‌ಸ್ಕ್ರೀನ್’ ಎಂಬ ಲೇಪದ ಟ್ಯೂಬುಗಳು ಸಾಲಾಗಿ ನಿಂತಿವೆ. ಅವುಗಳ ಮೇಲೆ ದಪ್ಪ ಅಕ್ಷರಗಳಲ್ಲಿ ‘ಎಸ್‌ಪಿಎಫ್ ೩೦’, ‘ಎಸ್‌ಪಿಎಫ್ ೫೦’ ಎಂದು ಒಂದು ಅಂಕೆ ಅಚ್ಚಾಗಿರುತ್ತದೆ. ಕಾಲೇಜಿನ ವಿದ್ಯಾರ್ಥಿಗಳು ಕೈಖರ್ಚಿನ ಹಣ ಉಳಿಸಿ ಇದನ್ನು ಕೊಳ್ಳುತ್ತಾರೆ. ದೊಡ್ಡ ಅಂಕೆಯ ಟ್ಯೂಬು ಕೈಗೆ ಬಂದರೆ ಬಿಸಿಲನ್ನು ಗೆದ್ದೆವೆಂದು ನೆಮ್ಮದಿಪಡುತ್ತಾರೆ. ಈ ನೆಮ್ಮದಿಗೆ ಆಧಾರವೆಷ್ಟು? ಆ ಅಂಕೆ ಅಳೆಯುವುದೇನು, ಅಳೆಯದೆ ಬಿಡುವುದೇನು? ಹಣಕ್ಕೂ ಆರೋಗ್ಯಕ್ಕೂ ಸಂಬಂಧಿಸಿದ ಈ ಪ್ರಶ್ನೆಯನ್ನು ಭೌತಶಾಸ್ತ್ರದ ಬೆಳಕಿನಲ್ಲಿ ವಿಚಾರಿಸೋಣ.

ಕಾಣದ ಕಿರಣಗಳು

ಬೆಳ್ಳಿಯ ಕ್ಲೋರೈಡು ಎಂಬ ಲವಣ ಬೆಳಕು ತಾಗಿದರೆ ಕಪ್ಪಾಗುತ್ತದೆ. ೧೮೦೧ರಲ್ಲಿ ಜರ್ಮನಿಯ ಯೋಹಾನ್ ವಿಲ್ಹೆಲ್ಮ್ ರಿಟ್ಟರ್ ಈ ಲವಣವನ್ನು ಸೂರ್ಯನ ಬೆಳಕಿನ ವರ್ಣಪಟಲದಲ್ಲಿ ಒಂದೊಂದು ಬಣ್ಣದ ಬಳಿ ಇಟ್ಟು ನೋಡಿದನು. ನೇರಳೆ ಬಣ್ಣದ ಆಚೆ, ಕಣ್ಣಿಗೆ ಏನೂ ಕಾಣದಿದ್ದ ಸ್ಥಳದಲ್ಲಿಯೇ ಅದು ಎಲ್ಲಕ್ಕಿಂತ ಬೇಗ ಕಪ್ಪಾಯಿತು. ಹೀಗೆ ಪತ್ತೆಯಾದುವೇ ನೇರಳಾತೀತ ಕಿರಣಗಳು.

ತರಂಗದೂರಕ್ಕೆ ಅನುಸಾರವಾಗಿ ವಿಜ್ಞಾನಿಗಳು ಇವನ್ನು ಮೂರು ಪಂಗಡ ಮಾಡಿದ್ದಾರೆ. ೩೧೫ರಿಂದ ೪೦೦ ನ್ಯಾನೋಮೀಟರುಗಳವರೆಗಿನವು ‘ಎ’ ಕಿರಣಗಳು. ೨೮೦ರಿಂದ ೩೧೫ರವರೆಗಿನವು ‘ಬಿ’ ಕಿರಣಗಳು. ಅದಕ್ಕೂ ಕಿರಿದಾದವು ‘ಸಿ’ ಕಿರಣಗಳು. ‘ಸಿ’ ಪಂಗಡವನ್ನು ವಾಯುಮಂಡಲದ ಆಮ್ಲಜನಕವೂ ಓಜೋನೂ ಮೇಲೆಯೇ ಹೀರಿಕೊಳ್ಳುವುದರಿಂದ ಅವು ನೆಲ ಮುಟ್ಟುವುದಿಲ್ಲ. ನೆಲ ಮುಟ್ಟುವ ನೇರಳಾತೀತದಲ್ಲಿ ಬಹುಪಾಲು, ಎಂದರೆ ನೂರಕ್ಕೆ ಸುಮಾರು ೯೫ ಪಾಲು, ‘ಎ’ ಕಿರಣಗಳು. ‘ಬಿ’ ಕಿರಣಗಳ ಪಾಲು ಕಡಿಮೆಯಾದರೂ ಅವುಗಳ ಶಕ್ತಿ ಹೆಚ್ಚು. ಚರ್ಮವನ್ನು ಕೆಂಪಗೆ ಸುಡುವವು ಮುಖ್ಯವಾಗಿ ಇವೇ. ಜೀವಕೋಶದಲ್ಲಿರುವ ಡಿಎನ್ಎಯನ್ನು ನೇರವಾಗಿ ಕೆಡಿಸುವವೂ ಇವೇ. ‘ಎ’ ಕಿರಣಗಳು ಚರ್ಮದೊಳಕ್ಕೆ ಇನ್ನೂ ಆಳವಾಗಿ ಇಳಿದು ಬಣ್ಣವನ್ನು ಗಾಢಗೊಳಿಸುತ್ತವೆ, ಅಕಾಲದಲ್ಲಿ ಸುಕ್ಕು ತರುತ್ತವೆ. ಕ್ಯಾನ್ಸರಿಗೆ ಕಾರಣವಾಗುವುದರಲ್ಲಿಯೂ ಅವುಗಳ ಪಾಲುಂಟು. ಕಿಟಕಿಯ ಗಾಜು ‘ಬಿ’ ಕಿರಣಗಳನ್ನು ಬಹುಮಟ್ಟಿಗೆ ತಡೆಯುತ್ತದೆ; ‘ಎ’ ಕಿರಣಗಳಲ್ಲಿ ಹೆಚ್ಚಿನ ಪಾಲನ್ನು ಒಳಗೆ ಬಿಡುತ್ತದೆ.

ಲೇಪವು ಈ ಕಿರಣಗಳನ್ನು ತಡೆಯುವ ಬಗೆ ಹೇಗೆ? ಏವೋಬೆಂಜೋನ್ ಮೊದಲಾದ ಸಾವಯವ ಪದಾರ್ಥಗಳು ಕಿರಣದ ಶಕ್ತಿಯನ್ನು ಹೀರಿ ಶಾಖವಾಗಿ ಬಿಟ್ಟುಬಿಡುತ್ತವೆ. ಸತುವಿನ ಆಕ್ಸೈಡು, ಟೈಟೇನಿಯಂ ಡೈಆಕ್ಸೈಡುಗಳು ಕನ್ನಡಿಯಂತೆ ಕಿರಣಗಳನ್ನು ಹಿಂದಕ್ಕೆ ಅಟ್ಟುತ್ತವೆಂದು ಹಲವರು ತಿಳಿದಿದ್ದಾರೆ. ವಾಸ್ತವವಾಗಿ ಅವು ಕೂಡ ನೇರಳಾತೀತದ ಹೆಚ್ಚಿನ ಪಾಲನ್ನು ಹೀರಿಯೇ ತಡೆಯುತ್ತವೆ. ಚದರಿಸಿ ಹಿಂದಿರುಗಿಸುವುದು ಅಲ್ಪವೇ. ಅವುಗಳ ಬಿಳಿಯ ಬಣ್ಣ, ಕಾಣುವ ಬೆಳಕನ್ನು ಚದರಿಸುವುದರಿಂದ ಬಂದದ್ದು.

ಅಂಕೆಯ ಹುಟ್ಟು

ಲೇಪದ ಬಲವನ್ನು ಒಂದು ಅಂಕೆಯಿಂದ ಹೇಳುವ ವಿಧಾನವನ್ನು ೧೯೫೬ರಲ್ಲಿ ಜರ್ಮನಿಯ ರುಡೋಲ್ಫ್ ಶುಲ್ಟ್ಸೆ ಸೂಚಿಸಿದನು. ಆಸ್ಟ್ರಿಯದ ರಸಾಯನಜ್ಞ ಫ್ರಾಂಜ್ ಗ್ರೈಟರ್ ೧೯೭೪ರಲ್ಲಿ ‘ಎಸ್‌ಪಿಎಫ್’ ಎಂಬ ಹೆಸರಿನಿಂದ ಅದನ್ನು ಬಳಕೆಗೆ ತಂದನು. ‘ಬಿಸಿಲಿನಿಂದ ರಕ್ಷಿಸುವ ಗುಣಕ’ ಎಂದು ಇದಕ್ಕೆ ಅರ್ಥ ಹೇಳಬಹುದು.

ಅಳತೆಯ ಕ್ರಮ ಸರಳ. ಸ್ವಯಂಸೇವಕರ ಬೆನ್ನಿನ ಒಂದು ಭಾಗಕ್ಕೆ ಲೇಪ ಬಳಿದು, ಇನ್ನೊಂದನ್ನು ಬರಿದಾಗಿ ಬಿಟ್ಟು, ಸೂರ್ಯನನ್ನು ಅನುಕರಿಸುವ ದೀಪದ ಬೆಳಕನ್ನು ಬಿಡುತ್ತಾರೆ. ಚರ್ಮ ಕೆಂಪಾಗಲು ಬೇಕಾದ ಅತಿ ಕಡಿಮೆ ಪ್ರಮಾಣವನ್ನು ಎರಡೂ ಕಡೆ ಕಂಡುಹಿಡಿಯುತ್ತಾರೆ. ಲೇಪವಿದ್ದ ಕಡೆ ಮೂವತ್ತರಷ್ಟು ಬೆಳಕು ಬೇಕಾದರೆ ಅದರ ಅಂಕೆ ೩೦. ಎಂದರೆ ಚರ್ಮವನ್ನು ಸುಡುವ ಕಿರಣಗಳಲ್ಲಿ ಮೂವತ್ತರಲ್ಲೊಂದು ಪಾಲು ಮಾತ್ರ ಲೇಪವನ್ನು ದಾಟುತ್ತದೆ.

ಈ ಲೆಕ್ಕದಂತೆ ೧೫ರ ಲೇಪ ನೂರಕ್ಕೆ ೯೩.೩ ಪಾಲನ್ನು ತಡೆಯುತ್ತದೆ. ೩೦ರ ಲೇಪ ೯೬.೭ ಪಾಲನ್ನು, ೫೦ರ ಲೇಪ ೯೮ ಪಾಲನ್ನು. ೩೦ಕ್ಕೂ ೫೦ಕ್ಕೂ ಇರುವ ಅಂತರ ನೂರಕ್ಕೆ ಒಂದೂಕಾಲು ಪಾಲಿನಷ್ಟೇ. ಒಳಕ್ಕೆ ದಾಟುವ ಪಾಲನ್ನು ನೋಡಿದರೆ ೩.೩ ಇದ್ದದ್ದು ೨ಕ್ಕೆ ಇಳಿಯುವುದರಿಂದ ಲಾಭವೇ ಇಲ್ಲವೆನ್ನಲಾಗದು. ಆದರೆ ೫೦ರ ಲೇಪ ಹಚ್ಚಿದವನು ಬರಿಮೈಯವನಿಗಿಂತ ಐವತ್ತು ಪಟ್ಟು ಹೆಚ್ಚು ಕಾಲ ಬಿಸಿಲಿನಲ್ಲಿ ನಿಲ್ಲಬಹುದೆಂಬುದು ತಪ್ಪು ತಿಳುವಳಿಕೆ. ಬಿಸಿಲಿನ ತೀಕ್ಷ್ಣತೆ ಗಂಟೆಗಂಟೆಗೂ ಬದಲಾಗುತ್ತದೆ. ಲೇಪವೂ ಬೆವರಿನಿಂದ, ಒರಸುವುದರಿಂದ ಕರಗುತ್ತ ಹೋಗುತ್ತದೆ.

ಮತ್ತೊಂದು ಮಾತು. ಅಂಕೆ ಹೇಳುವುದು ಕೆಂಪಾಗುವುದನ್ನು ಕುರಿತು, ಆದ್ದರಿಂದ ಮುಖ್ಯವಾಗಿ ‘ಬಿ’ ಕಿರಣಗಳನ್ನು ಕುರಿತು. ‘ಎ’ ಕಿರಣಗಳ ಸಮಾಚಾರಕ್ಕೆ ‘ಬ್ರಾಡ್ ಸ್ಪೆಕ್ಟ್ರಮ್’ ಎಂಬ ಮಾತನ್ನು ಅಥವಾ ಜಪಾನಿನಲ್ಲಿ ಹುಟ್ಟಿದ ‘ಪಿಎ’ ಎಂಬ ಗುರುತನ್ನು ನೋಡಬೇಕು. ‘ಪಿಎ’ಯ ಮುಂದೆ ಕೂಡಿಸುವ ಚಿಹ್ನೆಗಳು ಹೆಚ್ಚಿದಷ್ಟೂ ರಕ್ಷಣೆ ಹೆಚ್ಚು, ನಾಲ್ಕು ಚಿಹ್ನೆಗಳೇ ಗರಿಷ್ಠ.

ದಪ್ಪದ ಲೆಕ್ಕ

ಎಲ್ಲಕ್ಕಿಂತ ಮುಖ್ಯವಾದ ಸಂಗತಿ ಈಗ ಬರುತ್ತದೆ. ಪ್ರಯೋಗಾಲಯದಲ್ಲಿ ಲೇಪವನ್ನು ಒಂದು ಚದರ ಸೆಂಟಿಮೀಟರಿಗೆ ೨ ಮಿಲಿಗ್ರಾಂನಂತೆ ತೂಗಿ ಬಳಿಯುತ್ತಾರೆ. ಲೇಪದ ಸಾಂದ್ರತೆ ನೀರಿನಷ್ಟೇ ಎಂದು ಹಿಡಿದರೆ ಈ ಪದರದ ದಪ್ಪ ಒಂದು ಮಿಲಿಮೀಟರಿನ ಐವತ್ತರಲ್ಲೊಂದು ಪಾಲು. ಟ್ಯೂಬಿನ ಮೇಲಿನ ಅಂಕೆ ಈ ದಪ್ಪಕ್ಕೆ ಮಾತ್ರ ಸಲ್ಲುತ್ತದೆ.

ಮುಖ ಮತ್ತು ಕತ್ತಿನ ಮುಂಭಾಗ ಸೇರಿ ಸುಮಾರು ೬೦೦ ಚದರ ಸೆಂಟಿಮೀಟರು ಎಂದಿಟ್ಟುಕೊಳ್ಳೋಣ. ಆಗ ಒಂದು ಸಲಕ್ಕೆ ೧.೨ ಗ್ರಾಂ ಲೇಪ ಬೇಕು. ದಿನಕ್ಕೆ ಒಂದೇ ಸಲ ಹಚ್ಚಿದರೂ ೫೦ ಗ್ರಾಮಿನ ಟ್ಯೂಬು ನಲವತ್ತು ದಿನಗಳಲ್ಲಿ ಮುಗಿಯತಕ್ಕದ್ದು. ನಿಮ್ಮ ಮನೆಯ ಟ್ಯೂಬು ಎಷ್ಟು ದಿನ ಬರುತ್ತದೆಂಬುದನ್ನು ವಾಚಕರು ನೆನೆದು ನೋಡಲಿ. ನಾಲ್ಕು ತಿಂಗಳು ಬರುವುದಾದರೆ ನೀವು ಹಚ್ಚುತ್ತಿರುವುದು ಬೇಕಾದುದರ ಮೂರರಲ್ಲೊಂದು ಪಾಲು ಮಾತ್ರ. ಜನ ಸಾಮಾನ್ಯವಾಗಿ ಹಚ್ಚುವುದು ಚದರ ಸೆಂಟಿಮೀಟರಿಗೆ ಅರ್ಧದಿಂದ ಒಂದು ಮಿಲಿಗ್ರಾಂ ಎಂದು ಪರಿಶೀಲನೆಗಳಿಂದಲೂ ತಿಳಿದುಬಂದಿದೆ.

ದಪ್ಪ ಅರ್ಧವಾದರೆ ರಕ್ಷಣೆಯೂ ಅರ್ಧವಾಗುವುದಷ್ಟೇ ತಾನೇ ಎಂದು ಯಾರಾದರೂ ಕೇಳಬಹುದು. ಬೆಳಕನ್ನು ಹೀರುವ ಪದರದ ನಿಯಮ ಅಷ್ಟು ಉದಾರವಾದುದಲ್ಲ. ೩೦ರ ಲೇಪದ ಪೂರ್ಣ ಪದರವನ್ನು ಒಂದರ ಮೇಲೊಂದಿಟ್ಟ ಎರಡು ಅರ್ಧ ಪದರಗಳೆಂದು ಭಾವಿಸಿ. ಮೊದಲನೆಯದು ಬೆಳಕನ್ನು ಐದೂವರೆಯಲ್ಲೊಂದು ಪಾಲಿಗೆ ಇಳಿಸುತ್ತದೆ. ಎರಡನೆಯದು ಉಳಿದುದನ್ನು ಮತ್ತೆ ಐದೂವರೆಯಲ್ಲೊಂದು ಪಾಲಿಗೆ ಇಳಿಸುತ್ತದೆ. ಐದೂವರೆಯನ್ನು ಐದೂವರೆಯಿಂದ ಗುಣಿಸಿದರೆ ಸುಮಾರು ಮೂವತ್ತು! ಹಾಗಾದರೆ ಅರ್ಧ ಪದರವನ್ನಷ್ಟೇ ಹಚ್ಚಿದವನಿಗೆ ದೊರೆಯುವುದು ೧೫ ಅಲ್ಲ, ಐದೂವರೆ. ನಿಜವಾದ ಚರ್ಮ ಉತ್ತ ಹೊಲದಂತೆ ಏರುತಗ್ಗುಗಳಿಂದ ಕೂಡಿ ಲೇಪ ಸಮನಾಗಿ ಕೂರುವುದಿಲ್ಲವಾದ್ದರಿಂದ ದೊರೆಯುವ ರಕ್ಷಣೆ ಈ ಎರಡು ಅಂಕೆಗಳ ನಡುವೆ ಎಲ್ಲಿಯೋ ನಿಲ್ಲುತ್ತದೆ. ಹೇಗೆ ನೋಡಿದರೂ ಟ್ಯೂಬಿನ ಮೇಲಿನ ಅಂಕೆ ಪ್ರಯೋಗಾಲಯದ್ದು. ಮುಖದ ಮೇಲಿನ ಅಂಕೆ ನಮ್ಮ ಕೈಬೆರಳುಗಳದ್ದು.

ಅಂಕೆಯೂ ನಡತೆಯೂ

ದೊಡ್ಡ ಅಂಕೆ ನಮ್ಮ ನಡತೆಯನ್ನೂ ಬದಲಿಸಬಲ್ಲದು. ಫ್ರಾನ್ಸ್ ಮತ್ತು ಸ್ವಿಟ್ಜರ್ಲೆಂಡಿನ ೮೭ ಯುವಕ ಯುವತಿಯರ ಮೇಲೆ ನಡೆದು ೧೯೯೯ರಲ್ಲಿ ಪ್ರಕಟವಾದ ಪ್ರಯೋಗವೊಂದು ಇದಕ್ಕೆ ನಿದರ್ಶನ. ಬೇಸಗೆಯ ರಜಕ್ಕೆ ಹೊರಟ ಅವರಲ್ಲಿ ಕೆಲವರಿಗೆ ೧೦ರ ಲೇಪವನ್ನೂ ಉಳಿದವರಿಗೆ ೩೦ರ ಲೇಪವನ್ನೂ ಅಂಕೆ ತಿಳಿಸದೆ ಕೊಟ್ಟರು. ೩೦ರವರು ರಜದಲ್ಲಿ ಒಟ್ಟು ಕಾಲುಭಾಗದಷ್ಟು ಹೆಚ್ಚು ಹೊತ್ತು ಬಿಸಿಲಿಗೆ ಮೈಯೊಡ್ಡಿದರು. ಚರ್ಮ ಸುಟ್ಟುಕೊಂಡ ಅನುಭವದಲ್ಲಿ ಎರಡು ಗುಂಪುಗಳಿಗೂ ವ್ಯತ್ಯಾಸ ಕಾಣಲಿಲ್ಲ. ಉರಿ ಎಂಬುದು ದೇಹ ಕೊಡುವ ಎಚ್ಚರಿಕೆ. ಅದು ತಡವಾದರೆ ಮನುಷ್ಯ ಬಿಸಿಲಿನಲ್ಲಿ ಉಳಿಯುವ ಹೊತ್ತೂ ಬೆಳೆಯುತ್ತದೆ.

ಹಾಗೆಂದು ಲೇಪ ನಿಷ್ಪ್ರಯೋಜಕವೆಂದು ಹೇಳುವುದು ಅನ್ಯಾಯ. ಆಸ್ಟ್ರೇಲಿಯದ ಕ್ವೀನ್ಸ್‌ಲೆಂಡಿನ ನಾಂಬೂರ್ ಪಟ್ಟಣದಲ್ಲಿ ೧೯೯೨ರಿಂದ ೧೯೯೬ರವರೆಗೆ ೧,೬೨೧ ಮಂದಿಯನ್ನು ಎರಡು ಗುಂಪು ಮಾಡಿ, ಒಂದು ಗುಂಪಿನವರು ಮುಖ, ಕತ್ತು, ತೋಳುಗಳಿಗೆ ಪ್ರತಿದಿನವೂ ತಪ್ಪದೆ ಲೇಪ ಹಚ್ಚುವಂತೆ ಏರ್ಪಡಿಸಿದರು. ಇನ್ನೊಂದು ಗುಂಪಿನವರು ತಮಗೆ ತೋಚಿದಂತೆ ನಡೆದರು. ಸ್ಕ್ವಾಮಸ್ ಕೋಶದ ಚರ್ಮದ ಕ್ಯಾನ್ಸರು ಮೊದಲ ಗುಂಪಿನಲ್ಲಿ ನೂರಕ್ಕೆ ಸುಮಾರು ೪೦ರಷ್ಟು ಕಡಿಮೆಯಾಯಿತು. ಮುಂದೆ ಹಲವು ವರ್ಷ ಕಾದು ನೋಡಿ ೨೦೧೧ರಲ್ಲಿ ಪ್ರಕಟಿಸಿದ ವರದಿಯಂತೆ, ಮೆಲನೋಮ ಎಂಬ ಘೋರವಾದ ಕ್ಯಾನ್ಸರು ಮೊದಲ ಗುಂಪಿನಲ್ಲಿ ೧೧ ಮಂದಿಗೂ ಎರಡನೆಯದರಲ್ಲಿ ೨೨ ಮಂದಿಗೂ ತಗುಲಿತ್ತು. ಇಲ್ಲಿ ಬಳಸಿದ ಲೇಪದ ಅಂಕೆ ಎಷ್ಟು ಗೊತ್ತೆ? ಕೇವಲ ೧೬. ಫಲ ಕೊಟ್ಟದ್ದು ಅಂಕೆಯ ದೊಡ್ಡತನವಲ್ಲ, ದಿನದಿನದ ನಿಷ್ಠೆ.

ಅಂಕೆಯೇ ಸುಳ್ಳಾಗುವ ಸಂದರ್ಭವೂ ಉಂಟು. ೨೦೨೫ರ ಜೂನಿನಲ್ಲಿ ಆಸ್ಟ್ರೇಲಿಯದ ‘ಚಾಯ್ಸ್’ ಎಂಬ ಗ್ರಾಹಕ ಸಂಸ್ಥೆ ಇಪ್ಪತ್ತು ಲೇಪಗಳನ್ನು ಪರೀಕ್ಷಿಸಿದಾಗ ಹದಿನಾರು ತಮ್ಮ ಅಂಕೆಯನ್ನು ಮುಟ್ಟಲಿಲ್ಲ. ಅವುಗಳಲ್ಲಿ ಹೆಚ್ಚಿನವು ೨೦ನ್ನು ಮೀರಿದ್ದವಾದರೂ, ೫೦ಕ್ಕೂ ಮೇಲೆಂದು ಅಚ್ಚು ಹಾಕಿಸಿಕೊಂಡಿದ್ದ ಒಂದು ಲೇಪ ಕೊಟ್ಟದ್ದು ೪! ಆಗಸ್ಟಿನಲ್ಲಿ ಅದನ್ನು ಮಾರುಕಟ್ಟೆಯಿಂದ ಹಿಂತೆಗೆದುಕೊಂಡರು. ಅಲ್ಲಿ ಇಂಥ ಲೇಪಗಳಲ್ಲಿ ಹೆಚ್ಚಿನವು ಔಷಧಗಳ ಕಾನೂನಿಗೆ ಒಳಪಟ್ಟಿವೆ. ನಮ್ಮ ದೇಶದಲ್ಲಿ ಅವು ಪ್ರಸಾಧನ ಸಾಮಗ್ರಿಗಳ ಗುಂಪಿಗೆ ಸೇರಿವೆ. ಕೊಳ್ಳುವವನು ಕಣ್ಣು ತೆರೆದಿರಬೇಕೆಂಬುದಕ್ಕೆ ಇಷ್ಟು ಸಾಕು.

ನಮ್ಮ ಚರ್ಮ, ನಮ್ಮ ಬಿಸಿಲು

ಆಸ್ಟ್ರೇಲಿಯದ ಮಾತನ್ನು ನಮಗೆ ಹಾಗೆಯೇ ಅನ್ವಯಿಸುವುದು ಸಲ್ಲದು. ಅಲ್ಲಿನ ಬಹುಸಂಖ್ಯಾತರದು ಬಿಳಿಯ ಚರ್ಮ. ನಮ್ಮ ಚರ್ಮದಲ್ಲಿ ಮೆಲನಿನ್ ಎಂಬ ವರ್ಣದ್ರವ್ಯ ಧಾರಾಳವಾಗಿದ್ದು ತಾನೇ ಒಂದು ಮಟ್ಟಿನ ಲೇಪವಾಗಿ ಕೆಲಸ ಮಾಡುತ್ತದೆ. ಚರ್ಮದ ಕ್ಯಾನ್ಸರು ಇಲ್ಲಿ ಅಲ್ಲಿಗಿಂತ ಬಹಳ ಅಪರೂಪವಾಗಿರುವುದಕ್ಕೆ ಇದೇ ಮುಖ್ಯ ಕಾರಣ. ಆದ್ದರಿಂದ ಹೆದರಿಸಿ ಮಾರುವ ಜಾಹೀರಾತಿಗೆ ನಾವು ಮರುಳಾಗಬೇಕಿಲ್ಲ. ಬೆಳ್ಳಗಾಗಿಸುವೆನೆಂಬ ಜಾಹೀರಾತಿಗಂತೂ ಕಿವಿಗೊಡಲೇಬಾರದು. ಕಿರಣವನ್ನು ತಡೆಯುವ ಪದಾರ್ಥ ಹುಟ್ಟಿನಿಂದ ಬಂದ ಮೈಬಣ್ಣವನ್ನು ಬದಲಿಸಲಾರದು. ಮುಖದ ಮೇಲೆ ಕಂದು ಮಚ್ಚೆಗಳೇಳುವ ಮೆಲಾಸ್ಮದಂಥ ತೊಂದರೆಯುಳ್ಳವರಿಗೆ ಲೇಪದಿಂದ ಪ್ರಯೋಜನವುಂಟು. ಅಂಥ ಮಚ್ಚೆಗಳನ್ನು ಕಾಣುವ ಬೆಳಕೂ ಹೆಚ್ಚಿಸುವುದರಿಂದ, ಅವರಿಗೆ ಕಬ್ಬಿಣದ ಆಕ್ಸೈಡು ಸೇರಿದ ಬಣ್ಣದ ಲೇಪ ಮೇಲು.

ಈ ಲೇಪ ಶೃಂಗಾರಸಾಧನವಲ್ಲ, ಜೀವರಕ್ಷಕ ಎನ್ನಬೇಕಾದವರೂ ನಮ್ಮ ನಡುವೆ ಇದ್ದಾರೆ. ಹುಟ್ಟಿನಿಂದಲೇ ಮೆಲನಿನ್ ಇಲ್ಲದ, ಅಥವಾ ತೀರ ಕಡಿಮೆಯಿರುವ ಆಲ್ಬಿನಿಸಂ ಉಳ್ಳವರು ಅವರು. ನಡುಹಗಲಿನ ಬಿಸಿಲು ಅವರ ಪಾಲಿಗೆ ನಿಜವಾದ ಶತ್ರು. ತೊನ್ನು ಮೂಡಿದ ಚರ್ಮವೂ ಬೇಗ ಸುಡುತ್ತದೆ. ಶಾಲೆಯ ಪ್ರಾರ್ಥನೆಗೋ ಆಟಕ್ಕೋ ಮಕ್ಕಳನ್ನು ಬಯಲಿನಲ್ಲಿ ನಿಲ್ಲಿಸುವಾಗ ಇಂಥವರಿಗೆ ನೆರಳಿನಲ್ಲಿ ಸ್ಥಳ ಕೊಡುವುದು ದಯೆಯಲ್ಲ, ಕರ್ತವ್ಯ.

ನೆರಳನ್ನು ಕುರಿತು ಒಂದು ಸುಲಭ ಸೂತ್ರವನ್ನು ನೆನಪಿಡಬಹುದು. ಸೂರ್ಯ ಕ್ಷಿತಿಜದಿಂದ ೪೫ ಡಿಗ್ರಿ ಏರಿದಾಗ ನಮ್ಮ ನೆರಳು ನಮ್ಮಷ್ಟೇ ಉದ್ದ. ಅದಕ್ಕಿಂತ ಮೇಲೇರಿದರೆ ನೆರಳು ಕುಗ್ಗುತ್ತದೆ. ಕಿರಣಗಳು ಹಾದುಬರುವ ಗಾಳಿಯ ದಾರಿಯೂ ಕುಗ್ಗಿ ನೇರಳಾತೀತ ತೀಕ್ಷ್ಣವಾಗುತ್ತದೆ. ಬೆಂಗಳೂರು ಉತ್ತರ ಅಕ್ಷಾಂಶ ೧೩ ಡಿಗ್ರಿಯಲ್ಲಿರುವುದರಿಂದ ಏಪ್ರಿಲ್ ಕೊನೆಗೂ ಆಗಸ್ಟಿನ ನಡುವೆಯೂ ಮಧ್ಯಾಹ್ನದ ಸೂರ್ಯ ಅಲ್ಲಿ ನೆತ್ತಿಯ ಮೇಲೆಯೇ ನಿಲ್ಲುತ್ತಾನೆ. ನೆಟ್ಟ ಕಂಬದ ನೆರಳೂ ಆಗ ಕಾಣದು. ನೆರಳು ನಿಮಗಿಂತ ಗಿಡ್ಡವಾದಾಗ ನೀವು ನೆರಳನ್ನು ಹುಡುಕಬೇಕು—ಇದಕ್ಕೆ ಉಪಕರಣವೂ ಬೇಡ, ಹಣವೂ ಬೇಡ.

ಒತ್ತಾಗಿ ನೆಯ್ದ ಬಟ್ಟೆ, ಅಗಲ ಅಂಚಿನ ಟೊಪ್ಪಿ, ಕೊಡೆ, ಮರದ ನೆರಳು—ಇವು ಮೊದಲು. ಇವು ಮುಚ್ಚಲಾರದ ಭಾಗಕ್ಕೆ ಲೇಪ. ಅದನ್ನು ಕೊಳ್ಳುವುದಾದರೆ ೩೦ರ ಅಂಕೆಯೂ ‘ಎ’ ಕಿರಣಗಳ ರಕ್ಷಣೆಯ ಗುರುತೂ ಇದ್ದರೆ ಸಾಕು. ಮುಖ ಕತ್ತುಗಳಿಗೆ ತೋರುಬೆರಳು, ನಡುಬೆರಳುಗಳ ಉದ್ದಕ್ಕೂ ಎರಡು ಗೆರೆ ಎಳೆದಷ್ಟು ಲೇಪವನ್ನು, ಹೊರಡುವ ಕಾಲುಗಂಟೆ ಮೊದಲೇ ಹಚ್ಚಬೇಕು. ಬಿಸಿಲಿನಲ್ಲಿಯೇ ಇರುವುದಾದರೆ ಎರಡು ಗಂಟೆಗೊಮ್ಮೆ, ಬೆವರಿದರೆ ಅಥವಾ ಈಜಿದರೆ ಅದಕ್ಕೂ ಮೊದಲೇ ಮತ್ತೆ ಹಚ್ಚಬೇಕು. ದುಬಾರಿಯ ೫೦ನ್ನು ಜಿಪುಣತನದಿಂದ ಸವರಿಕೊಳ್ಳುವವನಿಗಿಂತ ಅಗ್ಗದ ೩೦ನ್ನು ಧಾರಾಳವಾಗಿ ಹಚ್ಚುವವನೇ ಜಾಣ. ಯಾವ ಅಳತೆಗೂ ಅದರದೇ ಷರತ್ತುಗಳುಂಟು. ಷರತ್ತು ಮರೆತು ಅಂಕೆಯನ್ನಷ್ಟೇ ಓದುವುದು ವಿಜ್ಞಾನದ ವಿದ್ಯಾರ್ಥಿಗೆ ಒಪ್ಪುವ ನಡೆಯಲ್ಲ.