ಅಂತರ್ಜಾಲ ಸಮಾನತೆಗೆ ದನಿಯಾದ ಪತ್ರಕರ್ತ

ಮೈಸೂರಿನ ಕುಂಬಾರಕೊಪ್ಪಲಿನ ವಿದ್ಯಾರ್ಥಿಯೊಬ್ಬ ಮೊಬೈಲ್‌ನಲ್ಲಿ ಪುಟ್ಟ ಕನ್ನಡ ಜಾಲತಾಣವೊಂದನ್ನು ತೆರೆಯಹೊರಟಿದ್ದಾನೆ ಎಂದಿಟ್ಟುಕೊಳ್ಳೋಣ. ದೊಡ್ಡ ಕಂಪನಿಯ ತಾಣ ಉಚಿತ, ಇದಕ್ಕೆ ಮಾತ್ರ ಶುಲ್ಕ ಎಂದಾದರೆ ಆತ ಯಾವುದನ್ನು ಆರಿಸಿಕೊಂಡಾನು? ಇಂತಹ ತಾರತಮ್ಯ ಸಲ್ಲದು ಎಂಬುದೇ ‘ನೆಟ್ ನ್ಯೂಟ್ರಾಲಿಟಿ’, ಅರ್ಥಾತ್ ಅಂತರ್ಜಾಲ ತಟಸ್ಥತೆಯ ತಿರುಳು. ಭಾರತದಲ್ಲಿ ಇದನ್ನು ಜನಸಾಮಾನ್ಯರ ಪ್ರಶ್ನೆಯಾಗಿಸಿದವರಲ್ಲಿ ದೆಹಲಿಯ ಪತ್ರಕರ್ತ ನಿಖಿಲ್ ಪಾಹ್ವಾ ಪ್ರಮುಖರು.

ಡಿಜಿಟಲ್ ಹಾಗೂ ದೂರಸಂಪರ್ಕ ಕ್ಷೇತ್ರದ ಸುದ್ದಿಗಾಗಿ ಅವರು 2008ರಲ್ಲಿ ‘ಮೀಡಿಯಾನಾಮ’ ಸ್ಥಾಪಿಸಿದರು. 2015ರ ಮಾರ್ಚ್‌ನಲ್ಲಿ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರವು (ಟ್ರಾಯ್) ಈ ಕುರಿತು 118 ಪುಟಗಳ ಸಮಾಲೋಚನಾ ಪತ್ರ ಪ್ರಕಟಿಸಿ, 20 ಪ್ರಶ್ನೆಗಳಿಗೆ ಉತ್ತರ ಕೋರಿತು. ಪಾಹ್ವಾ ವರದಿ ಬರೆದು ಸುಮ್ಮನಾಗಲಿಲ್ಲ. ಕ್ಲಿಷ್ಟ ಕಡತವನ್ನು ಸ್ವಯಂಸೇವಕರೊಡಗೂಡಿ ಸರಳಗೊಳಿಸಿ, ಯಾರು ಬೇಕಾದರೂ ಉತ್ತರಿಸುವಂತೆ ಮಾಡಿದರು. ಪ್ರಾಧಿಕಾರಕ್ಕೆ 10 ಲಕ್ಷಕ್ಕೂ ಹೆಚ್ಚು ಇ-ಮೇಲ್‌ಗಳು ಹರಿದುಬಂದವು.

ಬಡವರಿಗೆ ಏನೂ ಇಲ್ಲದಿರುವುದಕ್ಕಿಂತ ಕೆಲವು ತಾಣಗಳಾದರೂ ಉಚಿತವಾಗಿ ಸಿಗುವುದು ಮೇಲಲ್ಲವೇ ಎಂಬುದು ಫೇಸ್‌ಬುಕ್‌ನ ವಾದವಾಗಿತ್ತು. ಆ ‘ಕೆಲವು’ ಯಾವುವೆಂದು ನಿರ್ಧರಿಸುವವರು ಯಾರು ಎಂಬುದು ವಿರೋಧಿಗಳ ಮರುಪ್ರಶ್ನೆ. 2016ರ ಫೆಬ್ರವರಿ 8ರಂದು ಟ್ರಾಯ್ ತಾರತಮ್ಯದ ಡೇಟಾ ದರಗಳನ್ನು ನಿಷೇಧಿಸಿತು. ಉಲ್ಲಂಘನೆಗೆ ದಿನಕ್ಕೆ 50,000 ರೂಪಾಯಿ ದಂಡ ಗೊತ್ತುಪಡಿಸಿತು. ಕೆಲವೇ ದಿನಗಳಲ್ಲಿ ಫೇಸ್‌ಬುಕ್ ತನ್ನ ‘ಫ್ರೀ ಬೇಸಿಕ್ಸ್’ ಯೋಜನೆಯನ್ನು ಭಾರತದಲ್ಲಿ ಕೈಬಿಟ್ಟಿತು.

ಅದೇ ವರ್ಷ ಪಾಹ್ವಾ, ಬೆಂಗಳೂರಿನ ಕಿರಣ್ ಜೊನ್ನಲಗಡ್ಡ ಮೊದಲಾದವರು ಸೇರಿ ‘ಇಂಟರ್ನೆಟ್ ಫ್ರೀಡಂ ಫೌಂಡೇಶನ್’ ಹುಟ್ಟುಹಾಕಿದರು. ವರದಿಗಾರ ಪಕ್ಷ ವಹಿಸಬಹುದೇ ಎಂಬ ಚರ್ಚೆ ಹಳೆಯದು. ಆದರೆ ಸರ್ಕಾರಿ ಕಡತವೊಂದು ಜನರಿಗೆ ಅರ್ಥವಾದರೆ ಏನಾಗಬಲ್ಲದು ಎಂಬುದಕ್ಕೆ ಆ 10 ಲಕ್ಷ ಪತ್ರಗಳೇ ಸಾಕ್ಷಿ.