ಹಿಂದೆ ನಿಲ್ಲುವವರೇ ಗೋಲು ಹೊಡೆದಾಗ

ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಕಡೆ ಆಟದ ಮಾತು ಬಂದರೆ ಕಬಡ್ಡಿ, ಕುಸ್ತಿ, ದೀಪಾವಳಿ ಸುತ್ತಮುತ್ತಲಿನ ಹೋರಿ ಹಬ್ಬ. ಹಾಕಿಯನ್ನು ನಮ್ಮಲ್ಲಿ ಹೆಚ್ಚಿನವರು ನೋಡುವುದು ಟಿವಿಯಲ್ಲಿ, ಅದೂ ಒಲಿಂಪಿಕ್ಸ್ ಬಂದಾಗ. ಹಾಗಾಗಿ ಡಿಫೆಂಡರ್ ಬಗ್ಗೆ ಕೆಲವು ತಪ್ಪು ತಿಳಿವಳಿಕೆಗಳು ಗಟ್ಟಿಯಾಗಿ ಉಳಿದುಬಿಟ್ಟಿವೆ. ಕೊಡಗಿನ ಹಾತೂರಿನ ವಿ.ಆರ್. ರಘುನಾಥ್ ಅವರ ಆಟದ ಬದುಕನ್ನು ಮುಂದಿಟ್ಟುಕೊಂಡರೆ ಅವನ್ನು ಬಿಡಿಸುವುದು ಸುಲಭ.

ತಪ್ಪು ಕಲ್ಪನೆ: ಗೋಲು ತಡೆಯುವುದಷ್ಟೇ ಡಿಫೆಂಡರ್ ಕೆಲಸ.

ಸತ್ಯ: 2024ರ ಪ್ಯಾರಿಸ್ ಒಲಿಂಪಿಕ್ಸ್‌ನ ಪುರುಷರ ಹಾಕಿಯಲ್ಲಿ ಎಲ್ಲರಿಗಿಂತ ಹೆಚ್ಚು, 10 ಗೋಲು ಹೊಡೆದ ಹರ್ಮನ್‌ಪ್ರೀತ್ ಸಿಂಗ್ ಡಿಫೆಂಡರ್. ಅವರಿಗಿಂತ ಮುಂಚಿನ ಸಂದೀಪ್ ಸಿಂಗ್, ರೂಪಿಂದರ್ ಪಾಲ್ ಸಿಂಗ್, ರಘುನಾಥ್ ಕೂಡ ಡಿಫೆಂಡರ್‌ಗಳೇ. ಇದರ ಗುಟ್ಟು ಇಂಥ ಡಿಫೆಂಡರ್‌ಗಳು ಹೊಡೆಯುವ ಪೆನಾಲ್ಟಿ ಕಾರ್ನರ್‌ನಲ್ಲಿದೆ. ಗೋಲುಕಂಬದಿಂದ ಕನಿಷ್ಠ 10 ಮೀಟರ್ ದೂರದಲ್ಲಿ, ಹಿಂಗೆರೆಯ ಮೇಲಿಂದ ಒಬ್ಬ ಆಟಗಾರ ಚೆಂಡು ತಳ್ಳುತ್ತಾನೆ. ಇನ್ನೊಬ್ಬ ಅದನ್ನು ಗೋಲಿನ ಮುಂದಿನ ವೃತ್ತದ ಹೊರಗೆ ನಿಲ್ಲಿಸುತ್ತಾನೆ. ಮೊದಲ ಹೊಡೆತ ಬೀಸಿ ಹೊಡೆದದ್ದಾದರೆ, ಗೋಲುಗೆರೆ ದಾಟುವಾಗ ಚೆಂಡು 460 ಮಿ.ಮೀ.ಗಿಂತ ಮೇಲೆ ಇರುವಂತಿಲ್ಲ. ಗೋಲಿನ ಕೆಳಹಲಗೆಯ ಎತ್ತರ ಅಷ್ಟೇ. ಚೆಂಡನ್ನು ಕೋಲಿನಿಂದ ಚಿಮ್ಮುವ ಫ್ಲಿಕ್‌ಗೆ ಮಾತ್ರ ಈ ಕಟ್ಟುಪಾಡಿಲ್ಲ. ಅದಕ್ಕೇ ಡ್ರ್ಯಾಗ್ ಫ್ಲಿಕ್ ಮಾಡುವವರು ನೆಲಕ್ಕೆ ಬಾಗಿ, ಚೆಂಡನ್ನು ಕೋಲಿಗೆ ಅಂಟಿಸಿಕೊಂಡಂತೆ ಎಳೆದು, ಮೈಯ ಬಲವನ್ನೆಲ್ಲ ಹಾಕಿ ಚಿಮ್ಮುತ್ತಾರೆ. ಆಗ ಚೆಂಡಿನ ವೇಗ ಗಂಟೆಗೆ 100 ಕಿ.ಮೀ. ದಾಟುವುದುಂಟು.

2016ರ ರಿಯೊ ಒಲಿಂಪಿಕ್ಸ್‌ನ ಮೊದಲ ಪಂದ್ಯದಲ್ಲಿ ಭಾರತ ಐರ್ಲೆಂಡನ್ನು 3-2ರಿಂದ ಸೋಲಿಸಿತು. ಮೊದಲ ಗೋಲು ರಘುನಾಥ್ ಅವರದು, ಉಳಿದೆರಡು ರೂಪಿಂದರ್ ಅವರದು. ಅಂದರೆ ಮೂರೂ ಗೋಲು ಡಿಫೆಂಡರ್‌ಗಳವೇ!

ತಪ್ಪು ಕಲ್ಪನೆ: ಹಿಂದೆ ನಿಲ್ಲುವವನಿಗೆ ಅಪಾಯ ಕಡಿಮೆ.

ಸತ್ಯ: ಎದುರಾಳಿಗೆ ಪೆನಾಲ್ಟಿ ಕಾರ್ನರ್ ಸಿಕ್ಕಾಗ ಗೋಲ್‌ಕೀಪರ್ ಸೇರಿ ಐದೇ ಮಂದಿ ಗೋಲು ಕಾಯಬೇಕು. ಉಳಿದವರು ನಡುಗೆರೆಯಾಚೆ. ಆ ಐವರಲ್ಲಿ ಒಬ್ಬ ಫ್ಲಿಕ್ ಮಾಡುವವನ ಕಡೆಗೇ ನೇರ ಓಡುತ್ತಾನೆ. ರೈಡರ್‌ನ ಕಾಲಿಗೆ ಮೊದಲು ನುಗ್ಗುವ ಕಬಡ್ಡಿ ಆಟಗಾರನ ಧೈರ್ಯ ಅವನಿಗೆ ಬೇಕು, ಅದೂ ಮೈಮೇಲೆ ಬರುವ ಗಟ್ಟಿ ಚೆಂಡಿನೆದುರು. ಆ ಹೊತ್ತಿಗೆ ಮುಖಗವಸು ಹಾಕಿಕೊಳ್ಳಲು ನಿಯಮದಲ್ಲೇ ಅವಕಾಶವಿದೆ.

ತಪ್ಪು ಕಲ್ಪನೆ: ಐಸ್ ಹಾಕಿಯ ಡಿಫೆಂಡರ್ ಅಂದರೆ ಗುದ್ದಾಡುವ ಆಳು.

ಸತ್ಯ: ಮಂಜುಗಡ್ಡೆಯ ಮೇಲಿನ ಆ ಹಾಕಿಯಲ್ಲೂ ಹಾಗಲ್ಲ. ಕೆನಡಾದ ಬಾಬಿ ಆರ್ ಡಿಫೆಂಡರ್ ಆಗಿದ್ದೂ 1969-70 ಮತ್ತು 1974-75ರಲ್ಲಿ ಉತ್ತರ ಅಮೆರಿಕದ ಐಸ್ ಹಾಕಿ ಲೀಗ್ ಎನ್‌ಎಚ್‌ಎಲ್‌ನ ಆಟಗಾರರ ಅಂಕಪಟ್ಟಿಯಲ್ಲಿ ಮೊದಲಿಗರಾದರು. ಬೇರೆ ಯಾವ ಡಿಫೆಂಡರ್‌ಗೂ ಅದು ಸಾಧ್ಯವಾಗಿಲ್ಲ.

ತಪ್ಪು ಕಲ್ಪನೆ: ತಂಡ ಹೀನಾಯವಾಗಿ ಸೋತರೆ ಡಿಫೆಂಡರ್ ಕಥೆ ಮುಗಿದಂತೆ.

ಸತ್ಯ: 2012ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಭಾರತ ಎಲ್ಲ ಪಂದ್ಯಗಳನ್ನೂ ಸೋತು 12ನೇ, ಅಂದರೆ ಕಟ್ಟಕಡೆಯ ಸ್ಥಾನಕ್ಕಿಳಿಯಿತು. ರಘುನಾಥ್ ಆ ತಂಡದಲ್ಲಿದ್ದರು. ಎರಡೇ ವರ್ಷದ ಮೇಲೆ ಇಂಚಿಯಾನ್ ಏಷ್ಯನ್ ಗೇಮ್ಸ್‌ನ ಫೈನಲ್‌ನಲ್ಲಿ ಪಾಕಿಸ್ತಾನವನ್ನು ಶೂಟೌಟ್‌ನಲ್ಲಿ ಮಣಿಸಿ, 16 ವರ್ಷಗಳ ನಂತರ ಚಿನ್ನ ತಂದ ತಂಡದಲ್ಲೂ ಅವರಿದ್ದರು. 2016ರಲ್ಲಿ ಅರ್ಜುನ ಪ್ರಶಸ್ತಿ ಬಂತು. ಲಂಡನ್‌ನ ಸೋಲಿನಿಂದಲೇ ಅವರನ್ನು ಅಳೆದಿದ್ದರೆ ದೊಡ್ಡ ಅನ್ಯಾಯವಾಗುತ್ತಿತ್ತು.

ತಪ್ಪು ಕಲ್ಪನೆ: ಕರ್ನಾಟಕದಲ್ಲಿ ಹಾಕಿ ಕೊಡಗಿನವರದ್ದೇ.

ಸತ್ಯ: ಕೊಡಗಿನ ಪಾಲು ದೊಡ್ಡದು, ನಿಜ. 1997ರಲ್ಲಿ ಪಾಂಡಂಡ ಕುಟ್ಟಪ್ಪ ಕರಡದಲ್ಲಿ ಶುರುಮಾಡಿದ ಕೊಡವ ಕುಟುಂಬಗಳ ಹಾಕಿ ಹಬ್ಬಕ್ಕೆ ಸಾಟಿಯಿಲ್ಲ. ಆದರೆ 1964ರ ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ತಂಡದಲ್ಲಿ ನಮ್ಮ ಉತ್ತರ ಕರ್ನಾಟಕದವರೇ ಆದ ಬೆಳಗಾವಿಯ ಬಂಡು ಪಾಟೀಲ ಇದ್ದರು.

ತಪ್ಪು ಕಲ್ಪನೆ: ಹಾಕಿ ಆಡಿದರೆ ಹೊಟ್ಟೆ ತುಂಬುವುದಿಲ್ಲ.

ಸತ್ಯ: ಕ್ರಿಕೆಟ್‌ನಷ್ಟು ದುಡ್ಡು ಇಲ್ಲ. ಆದರೂ 2013ರ ಹಾಕಿ ಇಂಡಿಯಾ ಲೀಗ್ ಹರಾಜಿನಲ್ಲಿ ರಘುನಾಥ್ ಅವರಿಗೆ 76,000 ಡಾಲರ್ ಬೆಲೆ ಬಂತು. 1980ರ ಮಾಸ್ಕೋ ಚಿನ್ನದ ತಂಡದಲ್ಲಿದ್ದು, 1988ರಲ್ಲಿ ಸೋಲ್ ಒಲಿಂಪಿಕ್ಸ್ ತಂಡದ ನಾಯಕರಾದ ಕೊಡಗು ಮೂಲದ ಹಾಫ್‌ಬ್ಯಾಕ್ ಎಂ.ಎಂ. ಸೋಮಯ್ಯ ಭಾರತ್ ಪೆಟ್ರೋಲಿಯಂನಲ್ಲಿ ಉದ್ಯೋಗದಲ್ಲಿದ್ದರು. ಕ್ರೀಡಾ ಇಲಾಖೆಯ ವಸತಿನಿಲಯಗಳಿಗೆ ಆಯ್ಕೆ ನಡೆಯುವ ಆಟಗಳಲ್ಲಿ ಹಾಕಿಯೂ ಒಂದು. ಬ್ಯಾಡಗಿಯಲ್ಲೋ ರಾಣೆಬೆನ್ನೂರಲ್ಲೋ ಮಗುವಿಗೆ ಆಟದ ಹುಚ್ಚಿದ್ದರೆ, ಅಪ್ಪ-ಅವ್ವ ಹಾವೇರಿಯ ಇಲಾಖೆ ಕಚೇರಿಯಲ್ಲಿ ಆಯ್ಕೆ ಯಾವಾಗ ಎಂದು ಒಮ್ಮೆ ವಿಚಾರಿಸಲಿ.