ಬಿಒಡಿ ಕಡಿಮೆ ಇದ್ದರೆ ನೀರು ಚೊಕ್ಕಟವೇ?

ಮುಂಬಯಿ ಬಳಿಯ ಉಲ್ಹಾಸ್ ನದಿ, ವಾಲಧುನಿ ನದಿ, ಕಲ್ಯಾಣ್ ಖಾಡಿ ಎಂಬ ಅಳಿವೆ: ಈ ಮೂರರಲ್ಲಿ ಯಾವುದರ ಮಾಲಿನ್ಯದ ಬಗ್ಗೆ ಪತ್ರಿಕೆಯಲ್ಲಿ ವರದಿ ಬಂದರೂ ಅದರಲ್ಲಿ ಬಿಒಡಿ ಎಂಬ ಮೂರಕ್ಷರ ಬಂದೇ ಬರುತ್ತದೆ. ಬಯೊಕೆಮಿಕಲ್ ಆಕ್ಸಿಜನ್ ಡಿಮಾಂಡ್, ನಮ್ಮ ಪಠ್ಯಪುಸ್ತಕಗಳ ಜೀವರಾಸಾಯನಿಕ ಆಮ್ಲಜನಕ ಬೇಡಿಕೆ. ಅದು ಹೆಚ್ಚಿದ್ದರೆ ನೀರು ಕೊಳಕು, ಕಡಿಮೆಯಿದ್ದರೆ ಚೊಕ್ಕಟ ಎಂದು ಓದಿ ಪುಟ ತಿರುಗಿಸುವುದು ರೂಢಿ. ಮೊದಲನೆಯ ಮಾತು ಸರಿ. ಎರಡನೆಯದು ಎಲ್ಲ ಕಡೆಯೂ ಸರಿಯಲ್ಲ. ಡೊಂಬಿವಲಿಯಂಥ ರಾಸಾಯನಿಕ ಕಾರ್ಖಾನೆಗಳ ಊರಿನಲ್ಲಿ ಹಾಗೆ ನಂಬಿ ಕೂರುವುದು ಅಪಾಯ.

ನೀರಿನಲ್ಲಿ ಕರಗಿರುವ ಆಮ್ಲಜನಕ ಬಹಳ ಸ್ವಲ್ಪ. 27 ಡಿಗ್ರಿ ಸೆಲ್ಸಿಯಸ್ ಉಷ್ಣತೆಯ ಒಂದು ಲೀಟರ್ ಸಿಹಿನೀರು ಗಾಳಿಯಿಂದ ಎಳೆದುಕೊಂಡು ಇಟ್ಟುಕೊಳ್ಳುವುದು ಹೆಚ್ಚೆಂದರೆ 8 ಮಿಲಿಗ್ರಾಂ. ಮೀನುಗಳು ನೆಮ್ಮದಿಯಾಗಿ ಬದುಕಲು 4ರಿಂದ 5 ಮಿಲಿಗ್ರಾಂ ಬೇಕು. ಚರಂಡಿಯ ನೀರು ಬಂದು ಸೇರಿದಾಗ ಅದರೊಳಗಿನ ಸಾವಯವ ಕೊಳೆಯನ್ನು ಬ್ಯಾಕ್ಟೀರಿಯಾಗಳು ತಿನ್ನತೊಡಗುತ್ತವೆ, ತಿಂದದ್ದನ್ನು ಅರಗಿಸಲು ನೀರಿನಲ್ಲಿರುವ ಆಮ್ಲಜನಕವನ್ನೇ ಬಳಸುತ್ತವೆ. ಕೊಳೆ ಹೆಚ್ಚಾದಷ್ಟೂ ಅವುಗಳ ಬಳಕೆ ಹೆಚ್ಚು, ಮೀನಿಗೆ ಉಳಿಯುವುದು ಕಡಿಮೆ. ಹೀಗೆ ಒಂದು ಲೀಟರ್ ನೀರಿನ ಕೊಳೆಯನ್ನು ಅರಗಿಸಲು ಸೂಕ್ಷ್ಮಜೀವಿಗಳು ಗೊತ್ತಾದ ಅವಧಿಯಲ್ಲಿ ಬಳಸಿಕೊಳ್ಳುವ ಆಮ್ಲಜನಕದ ತೂಕವೇ ಬಿಒಡಿ. ಅಂದರೆ ಅದು ಕೊಳೆಯನ್ನು ನೇರವಾಗಿ ತೂಗುವುದಿಲ್ಲ. ಆ ಕೊಳೆಯಲ್ಲಿ ಬ್ಯಾಕ್ಟೀರಿಯಾ ತಿಂದ ಭಾಗವನ್ನಷ್ಟೇ, ಅದೂ ಅದರ ಉಸಿರಿನ ಲೆಕ್ಕದಲ್ಲಿ ಹೇಳುತ್ತದೆ. ಮುಂದಿನ ಮಾತೆಲ್ಲ ನಿಂತಿರುವುದು ಇದರ ಮೇಲೆ.

ವಿಷವಲ್ಲದ ವಸ್ತುವೂ ನದಿಯ ಉಸಿರು ಕಟ್ಟಿಸಬಲ್ಲದು. ಹಾಲಿನ ಬಿಒಡಿ ಲೀಟರಿಗೆ ಸುಮಾರು 1 ಲಕ್ಷ ಮಿಲಿಗ್ರಾಂ. ಒಂದು ಲೀಟರ್ ಹಾಲು ನಾಲಾಕ್ಕೆ ಹೋದರೆ ಅದನ್ನು ಅರಗಿಸಲು 12,500 ಲೀಟರ್ ತಿಳಿನೀರಿನಲ್ಲಿರುವ ಅಷ್ಟೂ ಆಮ್ಲಜನಕ ಬೇಕು. ಉಡುಪಿ, ಮಂಗಳೂರು ಕಡೆಯಿಂದ ಬಂದು ಠಾಣೆ, ಕಲ್ಯಾಣ್, ಡೊಂಬಿವಲಿಗಳಲ್ಲಿ ಹೋಟೆಲು ನಡೆಸುವವರು ನಮ್ಮಲ್ಲಿ ಅನೇಕರು. ಹಾಲಿನ ಪಾತ್ರೆ ತೊಳೆದ ನೀರು, ಉಳಿದ ಸಾಂಬಾರು, ಇಡ್ಲಿ ಹಿಟ್ಟಿನ ಪಾತ್ರೆಯ ತಳ ಇವೆಲ್ಲವೂ ಬಿಒಡಿಯೇ. ಆದರೆ ಇದು ಜೀವಿಗಳು ಅರಗಿಸಬಲ್ಲ ಕೊಳೆ. ಸಂಸ್ಕರಣಾ ಘಟಕಕ್ಕೆ ತಲುಪಿದರೆ ಬ್ಯಾಕ್ಟೀರಿಯಾಗಳು ಇದನ್ನು ತಿಂದು ಮುಗಿಸುತ್ತವೆ.

ಈ ಅಳತೆ ಹುಟ್ಟಿದ್ದೂ ಮನೆಗಳ ಚರಂಡಿ ನೀರಿಗಾಗಿಯೇ. ಬ್ರಿಟನ್ನಿನಲ್ಲಿ 1898ರಲ್ಲಿ ನೇಮಕವಾದ ಚರಂಡಿ ವಿಲೇವಾರಿಯ ರಾಯಲ್ ಕಮಿಷನ್ 1912ರ ತನ್ನ ಎಂಟನೆಯ ವರದಿಯಲ್ಲಿ ಇದಕ್ಕೊಂದು ಖಚಿತ ರೂಪ ಕೊಟ್ಟಿತು. ನದಿಗೆ ಬಿಡುವ ಸಂಸ್ಕರಿಸಿದ ನೀರಿನ ಬಿಒಡಿ ಲೀಟರಿಗೆ 20 ಮಿಲಿಗ್ರಾಂ ಮೀರಬಾರದು, ತೇಲುವ ಕಣ 30 ಮಿಲಿಗ್ರಾಂ ಮೀರಬಾರದು ಎಂದಿತು. ಅದಕ್ಕೊಂದು ಷರತ್ತೂ ಇತ್ತು: ಆ ನೀರನ್ನು ತೆಳುವಾಗಿಸಲು ನದಿಯಲ್ಲಿ ಕನಿಷ್ಠ ಎಂಟು ಪಟ್ಟು ಒಳ್ಳೆಯ ನೀರು ಹರಿಯುತ್ತಿರಬೇಕು. ಮಿತಿಗಳ ಮಾತು ಬಂದಾಗ ಈ ಷರತ್ತನ್ನು ಯಾರೂ ನೆನೆಯುವುದಿಲ್ಲ. ಬೇಸಿಗೆಯ ವಾಲಧುನಿಯನ್ನು ನೋಡಿದವರಿಗೆ ಅದರ ಬೆಲೆ ಗೊತ್ತಾಗುತ್ತದೆ. ಅಲ್ಲಿ ತೆಳುವಾಗಿಸಲು ಒಳ್ಳೆಯ ನೀರೇ ಇರುವುದಿಲ್ಲ.

ಪ್ರಯೋಗಾಲಯದಲ್ಲಿ ಈ ಪರೀಕ್ಷೆ ನಡೆಯುವ ಬಗೆ ಸೊಗಸಾಗಿದೆ. 300 ಮಿಲಿಲೀಟರ್ ಹಿಡಿಯುವ, ಬಿಗಿಯಾದ ಗಾಜಿನ ಬಿರಡೆಯ ಎರಡು ಬಾಟಲಿ. ಚರಂಡಿ ನೀರನ್ನು ಹಾಗೇ ತುಂಬಿದರೆ ಅದರ ಹಸಿವಿಗೆ ಲೀಟರಿಗೆ 8 ಮಿಲಿಗ್ರಾಂನಷ್ಟಿರುವ ಆಮ್ಲಜನಕ ಕೆಲವೇ ಗಂಟೆಗಳಲ್ಲಿ ಮುಗಿದುಹೋಗುತ್ತದೆ. ಅದಕ್ಕೇ ಗಾಳಿ ಹಾಯಿಸಿದ, ಸ್ವಲ್ಪ ಲವಣ ಬೆರೆಸಿದ ಶುದ್ಧ ನೀರಿನಿಂದ ಅದನ್ನು ತೆಳುವಾಗಿಸುತ್ತಾರೆ, ಉದಾಹರಣೆಗೆ 50 ಪಟ್ಟು. ಗಾಳಿಯ ಒಂದು ಗುಳ್ಳೆಯೂ ಉಳಿಯದಂತೆ ಬಿರಡೆ ಹಾಕುತ್ತಾರೆ. ಒಂದು ಬಾಟಲಿಯ ಆಮ್ಲಜನಕವನ್ನು ಆಗಲೇ ಅಳೆಯುತ್ತಾರೆ. ಇನ್ನೊಂದನ್ನು 27 ಡಿಗ್ರಿಯಲ್ಲಿ ಮೂರು ದಿನ ಕತ್ತಲಲ್ಲಿ ಇಡುತ್ತಾರೆ. ಬೆಳಕು ಬಿದ್ದರೆ ಪಾಚಿ ಹೊಸ ಆಮ್ಲಜನಕ ತಯಾರಿಸಿ ಲೆಕ್ಕ ಕೆಡಿಸುತ್ತದೆ. ಮೂರು ದಿನಗಳಲ್ಲಿ ಲೀಟರಿಗೆ 4 ಮಿಲಿಗ್ರಾಂ ಖರ್ಚಾಗಿದ್ದರೆ, 50 ಪಟ್ಟು ತೆಳುವಾಗಿಸಿದ್ದರಿಂದ ಬಿಒಡಿ ಲೀಟರಿಗೆ 200 ಮಿಲಿಗ್ರಾಂ. ಮನೆಗಳ ಕಚ್ಚಾ ಚರಂಡಿ ನೀರಿನ ಬಿಒಡಿ ಸಾಮಾನ್ಯವಾಗಿ ಇದರ ಆಸುಪಾಸಿನಲ್ಲೇ ಇರುತ್ತದೆ.

ಕರಗಿದ ಆಮ್ಲಜನಕವನ್ನು ಅಳೆಯುವ ವಿಧಾನವನ್ನು ಕೊಟ್ಟವರು ಹಂಗೇರಿಯ ಲಾಯೋಶ್ ವಿಂಕ್ಲರ್, 1888ರಲ್ಲಿ. ನೀರಿಗೆ ಮ್ಯಾಂಗನೀಸ್ ಸಲ್ಫೇಟ್ ಹಾಕಿ, ಅಯೋಡೈಡ್ ಸೇರಿದ ಕ್ಷಾರ ಹಾಕಿದರೆ ತಳದಲ್ಲಿ ಗಸಿ ಕಟ್ಟುತ್ತದೆ. ಆಮ್ಲಜನಕ ಇದ್ದರೆ ಆ ಗಸಿ ಕಂದು, ಇಲ್ಲದಿದ್ದರೆ ಬಿಳಿ. ಗಂಧಕಾಮ್ಲ ಹಾಕಿದಾಗ ಇದ್ದ ಆಮ್ಲಜನಕಕ್ಕೆ ಸಮನಾದ ಅಯೋಡಿನ್ ಬಿಡುಗಡೆಯಾಗಿ ನೀರು ಹಳದಿಯಾಗುತ್ತದೆ. ಅದನ್ನು ಥಯೋಸಲ್ಫೇಟಿನಿಂದ ತೊಟ್ಟುತೊಟ್ಟಾಗಿ ಅಳೆಯುತ್ತಾರೆ. ಸೂಚಕವಾಗಿ ಹಾಕಿದ ಪಿಷ್ಟದಿಂದ ಬಂದ ನೀಲಿ ಬಣ್ಣ ಮಾಯವಾದ ಗಳಿಗೆಯಲ್ಲಿ ನಿಲ್ಲಿಸುತ್ತಾರೆ. ಈಗ ವಿದ್ಯುತ್ ಸಂವೇದಕಗಳು ಬಂದಿವೆ. ಆದರೂ ಕಾಲೇಜಿನ ವಿದ್ಯಾರ್ಥಿಗಳು ಒಮ್ಮೆಯಾದರೂ ಈ ಕಂದು ಗಸಿಯನ್ನು ಕಣ್ಣಾರೆ ನೋಡಬೇಕು. ಬರಿಗಣ್ಣಿಗೆ ಕಾಣದ ಆಮ್ಲಜನಕ ಅಲ್ಲಿ ಕಾಣಿಸುತ್ತದೆ.

ಜಗತ್ತಿನ ಹೆಚ್ಚಿನ ಕಡೆ ಇದು 20 ಡಿಗ್ರಿಯಲ್ಲಿ ಐದು ದಿನಗಳ ಪರೀಕ್ಷೆ. ಭಾರತದ ಮಾನಕದಲ್ಲಿ 27 ಡಿಗ್ರಿ, ಮೂರು ದಿನ. ನಮ್ಮ ನೀರು ಬೆಚ್ಚಗಿರುವುದರಿಂದ ಬ್ಯಾಕ್ಟೀರಿಯಾಗಳ ಕೆಲಸ ಚುರುಕು; ಎರಡು ವಿಧಾನದ ಉತ್ತರಗಳೂ ಹೆಚ್ಚುಕಡಿಮೆ ಹತ್ತಿರ ಬರುತ್ತವೆ. ಯಾವ ಪರೀಕ್ಷೆಯ ಅಂಕಿ ಎಂದು ಹೇಳದೆ ಹೋಲಿಸುವುದು ಮಾತ್ರ ತಪ್ಪು.

ಈಗ ಡೊಂಬಿವಲಿಗೆ ಬರೋಣ. ಇಲ್ಲಿಯ ಎಂಐಡಿಸಿ (ಮಹಾರಾಷ್ಟ್ರ ಕೈಗಾರಿಕಾ ಅಭಿವೃದ್ಧಿ ನಿಗಮ) ಪ್ರದೇಶ 1960ರ ದಶಕದ್ದು. ಬಟ್ಟೆಗೆ ಬಣ್ಣ ಹಾಕುವ ಘಟಕಗಳು, ಬಣ್ಣ, ಔಷಧದ ಮೂಲವಸ್ತು, ದ್ರಾವಕ ಮುಂತಾದವನ್ನು ತಯಾರಿಸುವ ಘಟಕಗಳು ಮನೆಗಳಿಗೆ ಅಂಟಿಕೊಂಡಂತಿವೆ. ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ 2009ರಲ್ಲಿ ದೇಶದ 88 ಕೈಗಾರಿಕಾ ಪ್ರದೇಶಗಳನ್ನು ಅಳೆದಾಗ ಮಾಲಿನ್ಯ ಸೂಚ್ಯಂಕದಲ್ಲಿ 70ಕ್ಕಿಂತ ಹೆಚ್ಚು ಅಂಕ ಬಂದ 43 ಪ್ರದೇಶಗಳನ್ನು ಅತಿ ಮಲಿನವೆಂದು ಗುರುತಿಸಿತು. ಡೊಂಬಿವಲಿಗೆ 78.41, ನವಿ ಮುಂಬಯಿಗೆ 73.77. ನಮ್ಮ ಮಂಗಳೂರು, ಭದ್ರಾವತಿಗಳೂ ಆ ಪಟ್ಟಿಯಲ್ಲಿದ್ದವು ಎಂಬುದನ್ನು ಇಲ್ಲಿಯ ಕನ್ನಡಿಗರು ನೆನಪಿಡಬೇಕು.

ಇಂಥ ಕಾರ್ಖಾನೆಯ ತ್ಯಾಜ್ಯ ನೀರನ್ನು ಬಿಒಡಿ ಬಾಟಲಿಗೆ ಹಾಕಿದರೆ ಎರಡು ಬಗೆಯಲ್ಲಿ ಅಂಕಿ ಮೋಸ ಮಾಡುತ್ತದೆ. ಬಟ್ಟೆಗೆ ಹಾಕುವ ಕೃತಕ ಬಣ್ಣಗಳನ್ನು ತಯಾರಿಸುವುದೇ ಸುಲಭವಾಗಿ ಬಿಟ್ಟುಹೋಗದಂತೆ, ಕೆಡದಂತೆ. ಬ್ಯಾಕ್ಟೀರಿಯಾಗಳಿಗೆ ಅವು ಆಹಾರವೇ ಅಲ್ಲ, ಮೂರು ದಿನಗಳಲ್ಲಂತೂ ಅಲ್ಲ. ಆದ್ದರಿಂದ ಬಿಒಡಿಯ ಲೆಕ್ಕಕ್ಕೆ ಬಹುಪಾಲು ಸಿಗುವುದೇ ಇಲ್ಲ. 2020ರ ಫೆಬ್ರವರಿಯಲ್ಲಿ ಡೊಂಬಿವಲಿ ಎಂಐಡಿಸಿಯ ಒಂದು ರಸ್ತೆ ಗುಲಾಬಿ ಬಣ್ಣಕ್ಕೆ ತಿರುಗಿ ದೇಶದೆಲ್ಲೆಡೆ ಸುದ್ದಿಯಾಯಿತು. ಕಣ್ಣಿಗೆ ಹೊಡೆಯುವಂಥ ಬಣ್ಣದ ನೀರಿಗೂ ಬಿಒಡಿ ಕಡಿಮೆ ಬರಬಹುದು.

ಎರಡನೆಯದು ಇನ್ನೂ ಗಂಭೀರ. ನೀರಿನಲ್ಲಿ ಭಾರಲೋಹ, ಫೀನಾಲು, ಸಯನೈಡಿನಂಥ ವಿಷವಿದ್ದರೆ ಬಾಟಲಿಯೊಳಗಿನ ಬ್ಯಾಕ್ಟೀರಿಯಾಗಳೇ ಸಾಯುತ್ತವೆ. ಸತ್ತವು ಉಸಿರಾಡುವುದಿಲ್ಲ, ಆಮ್ಲಜನಕ ಖರ್ಚಾಗುವುದಿಲ್ಲ, ಬಿಒಡಿ ತಗ್ಗುತ್ತದೆ. ಕಾಗದದ ಮೇಲೆ ನೀರು ಚೊಕ್ಕಟ! ಅನುಭವಿ ರಸಾಯನ ತಜ್ಞರು ಇದನ್ನು ಒಂದು ಕುರುಹಿನಿಂದ ಹಿಡಿಯುತ್ತಾರೆ. ಮಾದರಿಯನ್ನು ಹೆಚ್ಚು ಹೆಚ್ಚು ತೆಳುವಾಗಿಸಿದಂತೆ ಲೆಕ್ಕಕ್ಕೆ ಬರುವ ಬಿಒಡಿ ಏರುತ್ತಾ ಹೋದರೆ, ವಿಷ ತೆಳುವಾಗಿ ಬ್ಯಾಕ್ಟೀರಿಯಾಗಳು ಜೀವ ಹಿಡಿಯುತ್ತಿವೆ ಎಂದು ಅರ್ಥ.

ಅದಕ್ಕಾಗಿಯೇ ಸಿಒಡಿ, ಅಂದರೆ ರಾಸಾಯನಿಕ ಆಮ್ಲಜನಕ ಬೇಡಿಕೆ, ಜೊತೆಗಿರಬೇಕು. ಇಲ್ಲಿ ಬ್ಯಾಕ್ಟೀರಿಯಾದ ಹಂಗಿಲ್ಲ. ಡೈಕ್ರೋಮೇಟ್ ಮತ್ತು ಗಂಧಕಾಮ್ಲದಲ್ಲಿ ಎರಡು ಗಂಟೆ ಕುದಿಸಿದಾಗ ಜೀವಿಗಳು ಮುಟ್ಟದ ವಸ್ತುಗಳೂ ಬಹುಮಟ್ಟಿಗೆ ಉತ್ಕರ್ಷಣಗೊಳ್ಳುತ್ತವೆ. ಮನೆಗಳ ಚರಂಡಿ ನೀರಿನಲ್ಲಿ ಬಿಒಡಿ ಸಿಒಡಿಯ ಅರ್ಧದ ಆಸುಪಾಸಿನಲ್ಲಿರುತ್ತದೆ. ಐದನೆಯ ಒಂದು ಭಾಗಕ್ಕಿಂತಲೂ ಕೆಳಗೆ ಇಳಿದಿದ್ದರೆ ಅದು ಜೀವಿಗಳಿಗೆ ಅರಗದ ನೀರು. ಒಂಟಿ ಬಿಒಡಿಗಿಂತ ಈ ಅನುಪಾತವೇ ಡೊಂಬಿವಲಿಯ ಬಗ್ಗೆ ಹೆಚ್ಚು ನಿಜ ಹೇಳುತ್ತದೆ ಎಂಬುದು ನನ್ನ ಖಚಿತ ಅಭಿಪ್ರಾಯ. ಪೀಣ್ಯ ಕೈಗಾರಿಕಾ ಪ್ರದೇಶದ ನೀರೂ ಊರಿನ ಚರಂಡಿಯೂ ಕೂಡಿ ಹರಿಯುವ ಬೆಂಗಳೂರಿನ ವೃಷಭಾವತಿಗೂ ಇದೇ ಮಾತು.

ಬಾಟಲಿಯಲ್ಲಿ ಆಗುವುದೇ ಸಾಮೂಹಿಕ ತ್ಯಾಜ್ಯ ಸಂಸ್ಕರಣಾ ಘಟಕದಲ್ಲೂ ಆಗುತ್ತದೆ. ಸಿಇಟಿಪಿ ಎಂದು ಕರೆಯುವ ಈ ಘಟಕಗಳ ಹೃದಯ, 1914ರಲ್ಲಿ ಮ್ಯಾಂಚೆಸ್ಟರಿನ ಆರ್ಡರ್ನ್ ಮತ್ತು ಲಾಕೆಟ್ ವಿವರಿಸಿದ ಸಕ್ರಿಯ ಕೆಸರಿನ ತೊಟ್ಟಿ. ಅದರಲ್ಲಿ ದುಡಿಯುವವೂ ಬ್ಯಾಕ್ಟೀರಿಯಾಗಳೇ. ಯಾರೋ ಒಬ್ಬರು ಸಂಸ್ಕರಿಸದ ಆಮ್ಲವನ್ನೋ ವಿಷವನ್ನೋ ಒಳಗೆ ಬಿಟ್ಟರೆ ತೊಟ್ಟಿಯ ಜೀವಿಗಳು ಸತ್ತು, ಅವು ಮತ್ತೆ ಬೆಳೆಯುವವರೆಗೆ ಉಳಿದ ಎಲ್ಲ ಕಾರ್ಖಾನೆಗಳ ಕೊಳೆಯೂ ಹಾಗೇ ಖಾಡಿಗೆ ಸೇರುತ್ತದೆ. ವಿಷ ನೇರವಾಗಿ ನದಿಗೇ ಬಿದ್ದದ್ದೂ ಇದೆ: 2014ರಲ್ಲಿ ಉಲ್ಹಾಸನಗರದ ಬಳಿ ವಾಲಧುನಿಗೆ ರಾಸಾಯನಿಕ ಸುರಿದಾಗ ದಡದ ನೂರಾರು ಜನ ಅಸ್ವಸ್ಥರಾಗಿ ಆಸ್ಪತ್ರೆ ಸೇರಿದರು. ಈ ನದಿಗಳ ಮಾಲಿನ್ಯದ ಬಗ್ಗೆ ವನಶಕ್ತಿ ಎಂಬ ಪರಿಸರ ಸಂಸ್ಥೆ ಸಲ್ಲಿಸಿದ ಅರ್ಜಿಯ ಮೇಲೆ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ 2015ರಲ್ಲಿ ಇಲ್ಲಿಯ ಸ್ಥಳೀಯ ಸಂಸ್ಥೆಗಳಿಗೂ ಸಂಸ್ಕರಣಾ ಘಟಕಗಳಿಗೂ ಹಣ ಕಟ್ಟಲು ಆದೇಶಿಸಿತು.

ನಮ್ಮ ಕಾನೂನಿನ ಸಾಮಾನ್ಯ ಮಾನಕದಲ್ಲಿ ಒಳನಾಡಿನ ನೀರಿಗೆ ಬಿಡುವ ತ್ಯಾಜ್ಯಕ್ಕೆ ಬಿಒಡಿ ಮಿತಿ 30, ಸಿಒಡಿ ಮಿತಿ 250 ಮಿಲಿಗ್ರಾಂ. ಅದೇ ಪಟ್ಟಿಯಲ್ಲಿ ಕಡಿಮೆ ಜನರಿಗೆ ಗೊತ್ತಿರುವ ಇನ್ನೊಂದು ಸಾಲಿದೆ: ಸ್ವಲ್ಪವೂ ತೆಳುವಾಗಿಸದ ತ್ಯಾಜ್ಯ ನೀರಿನಲ್ಲಿ ಮೀನುಗಳನ್ನು ಬಿಟ್ಟರೆ 96 ಗಂಟೆಗಳ ನಂತರ ನೂರಕ್ಕೆ 90 ಬದುಕಿರಬೇಕು. ಬಿಒಡಿಗೆ ಕಾಣದ ವಿಷವನ್ನು ಹಿಡಿಯುವುದು ಈ ಪರೀಕ್ಷೆ.

ಆದ್ದರಿಂದ ಡೊಂಬಿವಲಿಯ ಓದುಗರಲ್ಲಿ, ಅದರಲ್ಲೂ ವಿಜ್ಞಾನ ಕಲಿಸುವವರಲ್ಲಿ ಒಂದು ವಿನಂತಿ. ಬಿಒಡಿ ಮಿತಿಯೊಳಗಿದೆ ಎಂಬ ಹೇಳಿಕೆ ಬಂದಾಗ ಅಲ್ಲಿಗೇ ಬಿಡಬೇಡಿ. ಸಿಒಡಿ ಎಷ್ಟು, ಮೀನಿನ ಪರೀಕ್ಷೆಯ ಫಲಿತಾಂಶವೇನು, ಖಾಡಿಯ ಮಾದರಿ ತೆಗೆದಾಗ ಭರತವಿತ್ತೋ ಇಳಿತವಿತ್ತೋ ಎಂದು ಕೇಳಿ. ಭರತದ ಹೊತ್ತಿನಲ್ಲಿ ಸಮುದ್ರದ ನೀರು ನುಗ್ಗಿ ಎಲ್ಲವನ್ನೂ ತೆಳುವಾಗಿಸಿರುತ್ತದೆ. ಉತ್ತರ ಸಿಗದಿದ್ದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ ಈ ಮೂರನ್ನೂ ಬರಹದಲ್ಲಿ ಪಡೆಯಿರಿ.